ಅಡುಗೆ ಎಣ್ಣೆಯ ಆಮದು ಬೆಲೆ: ಚಳ್ಳಕೆರೆ ಮಂಡಿಯಿಂದ ದಾವಣಗೆರೆ ಅಂಗಡಿವರೆಗೆ ಪದೇ ಪದೇ ಕೇಳುವ ಪ್ರಶ್ನೆಗಳು

ಶೇಂಗಾ, ಸೂರ್ಯಕಾಂತಿ ಬೆಳೆಯುವವರು, ಎಣ್ಣೆ ಮಿಲ್‌ನವರು, ಟಿನ್ ಲೆಕ್ಕದಲ್ಲಿ ಕೊಳ್ಳುವ ಹೋಟೆಲಿನವರು, ಮನೆಗೆ ಪಾಕೆಟ್ ತರುವವರು ಮತ್ತೆ ಮತ್ತೆ ಕೇಳಿದ ಪ್ರಶ್ನೆಗಳನ್ನು ಇಲ್ಲಿ ಜೋಡಿಸಿದೆ. ಸುಲಭದವು ಮೊದಲು, ಲೆಕ್ಕಾಚಾರದವು ಆಮೇಲೆ. ಉದಾಹರಣೆ ಲೆಕ್ಕಗಳಲ್ಲಿರುವ ದರಗಳು ಲೆಕ್ಕದ ವಿಧಾನ ತೋರಿಸಲು ಇಟ್ಟುಕೊಂಡವು. ಅವುಗಳ ಜಾಗದಲ್ಲಿ ಆ ದಿನದ ದರ ಹಾಕಿಕೊಳ್ಳಿ.

## ಮೊದಲ ಪ್ರಶ್ನೆಗಳು

ಚಳ್ಳಕೆರೆಯಲ್ಲೇ ಇಷ್ಟೊಂದು ಎಣ್ಣೆ ಮಿಲ್ ಅದಾವೆ. ಆದರೂ ಹೊರದೇಶದ ಎಣ್ಣೆ ಯಾಕೆ ಬೇಕು?

ದೇಶ ತಿನ್ನುವಷ್ಟು ಎಣ್ಣೆಯನ್ನು ದೇಶ ಬೆಳೆಯುತ್ತಿಲ್ಲ, ಅದಕ್ಕೆ. ನಾವು ಬಳಸುವ ಅಡುಗೆ ಎಣ್ಣೆಯಲ್ಲಿ ಅರ್ಧಕ್ಕಿಂತ ಹೆಚ್ಚು ಹಡಗಿನಲ್ಲಿ ಬರುತ್ತದೆ. ಎಣ್ಣೆ ವ್ಯಾಪಾರದ ವರ್ಷ ನವೆಂಬರ್‌ನಿಂದ ಅಕ್ಟೋಬರ್‌ವರೆಗೆ. 2022-23ರಲ್ಲಿ ಆಮದು ಸುಮಾರು 165 ಲಕ್ಷ ಟನ್ ಮುಟ್ಟಿತ್ತು. ಅದರ ನಂತರದ ಎರಡು ವರ್ಷವೂ 160 ಲಕ್ಷ ಟನ್ ಆಸುಪಾಸಿನಲ್ಲೇ ಇತ್ತು.

ಮೊದಲು ಹೀಗಿರಲಿಲ್ಲ. ಮುಂಬೈ ಬಿಟ್ಟರೆ ಚಳ್ಳಕೆರೆಯೇ ಎಂಬ ಮಾತಿತ್ತು, 'ಎಣ್ಣೆ ನಗರ' ಎಂಬ ಹೆಸರು ಬಂದದ್ದೂ ಅದಕ್ಕೇ. 1986ರಲ್ಲಿ ಎಣ್ಣೆಕಾಳುಗಳ ತಂತ್ರಜ್ಞಾನ ಮಿಷನ್ ಶುರುವಾದ ಮೇಲೆ ಕೆಲವು ವರ್ಷ ದೇಶ ಬಹುಮಟ್ಟಿಗೆ ಸ್ವಾವಲಂಬಿಯಾಗಿತ್ತು. 1994-95ರಲ್ಲಿ ಆಮದಿನ ಬಾಗಿಲು ತೆರೆಯಿತು. ಶೇಂಗಾ ಎಣ್ಣೆಗಿಂತ ತುಂಬಾ ಅಗ್ಗದ ಪಾಮಾಯಿಲ್ ಒಳಗೆ ಬಂತು. ಕಾಯಿ ಒಡೆದು ಎಣ್ಣೆ ತೆಗೆಯುವ ಮಿಲ್‌ಗಳಿಗೆ ಬಂದರಿನ ಬಳಿಯ ರಿಫೈನರಿಗಳ ಜೊತೆ ಪೈಪೋಟಿ ಶುರುವಾದದ್ದು ಆಗಲೇ.

ಯಾವ ಎಣ್ಣೆ ಯಾವ ದೇಶದಿಂದ ಬರುತ್ತೆ? ಬರೋಕೆ ಎಷ್ಟು ದಿನ?

ಪಾಮಾಯಿಲ್ ಬರುವುದು ಇಂಡೋನೇಷ್ಯಾ, ಮಲೇಷ್ಯಾ, ಸ್ವಲ್ಪ ಥಾಯ್ಲೆಂಡ್‌ನಿಂದ. ಒಂದು ವಾರ, ಹತ್ತು ದಿನದ ದಾರಿ. ಸೋಯಾ ಎಣ್ಣೆ ಅರ್ಜೆಂಟೀನಾ, ಬ್ರೆಜಿಲ್‌ನದು. ಬಂದು ಮುಟ್ಟಲು ಒಂದೂವರೆ ತಿಂಗಳು ಹಿಡಿಯುತ್ತದೆ. ಸೂರ್ಯಕಾಂತಿ ಎಣ್ಣೆ ರಷ್ಯಾ, ಉಕ್ರೇನ್ ಕಡೆಯ ಕಪ್ಪು ಸಮುದ್ರದಿಂದ ಮತ್ತು ಅರ್ಜೆಂಟೀನಾದಿಂದ ಬರುತ್ತದೆ. ಕಪ್ಪು ಸಮುದ್ರದಿಂದ ಸೂಯೆಜ್ ಮೂಲಕ ಬಂದರೆ ಮೂರು-ನಾಲ್ಕು ವಾರ, ಆಫ್ರಿಕಾ ಸುತ್ತಿ ಬಂದರೆ ಇನ್ನೂ ಹೆಚ್ಚು.

ಈ ದಿನಗಳ ಲೆಕ್ಕ ವ್ಯಾಪಾರಕ್ಕೆ ಮುಖ್ಯ. ದೀಪಾವಳಿಗೆ ಬೇಕಾದ ಸೋಯಾ ಎಣ್ಣೆಗೆ ಆಷಾಢ, ಶ್ರಾವಣದಲ್ಲೇ ಆರ್ಡರ್ ಹೋಗಿರಬೇಕು. ದಿಢೀರ್ ಕೊರತೆ ಬಿದ್ದರೆ ತುಂಬಿಸಲು ಆಗುವುದು ಪಾಮಾಯಿಲ್‌ನಿಂದ ಮಾತ್ರ. ದಾವಣಗೆರೆ, ಚಿತ್ರದುರ್ಗಕ್ಕೆ ಹತ್ತಿರದ ಬಂದರು ಪಣಂಬೂರಿನ ನವಮಂಗಳೂರು. ಚೆನ್ನೈ, ಕೃಷ್ಣಪಟ್ಟಣಂ ಕಡೆಯಿಂದಲೂ ಟ್ಯಾಂಕರ್ ಬರುತ್ತವೆ. ಮಳೆಗಾಲದಲ್ಲಿ ಶಿರಾಡಿ ಘಾಟಿಯಲ್ಲಿ ಗುಡ್ಡ ಕುಸಿದರೆ ಮಂಗಳೂರಿನ ಸರಕು ತಡವಾಗುತ್ತದೆ. ಜುಲೈ-ಆಗಸ್ಟ್‌ನಲ್ಲಿ ನಾಲ್ಕು ದಿನದ ಸ್ಟಾಕು ಹೆಚ್ಚಿಗೆ ಇಟ್ಟುಕೊಳ್ಳುವುದು ಒಳ್ಳೆಯದು.

ಸುಂಕ ಇಳಿಸಿದ್ರು ಅಂತ ಪೇಪರ್‌ನಾಗೆ ಬಂತು. ಅಂಗಡಿಯಾಗೆ ರೇಟು ಇಳಿದೇ ಇಲ್ವಲ್ಲ?

ಅಂಗಡಿಯಲ್ಲಿರುವ ಪಾಕೆಟ್ ಹಳೆ ಸುಂಕ ಕಟ್ಟಿ ಒಳಗೆ ಬಂದ ಎಣ್ಣೆ. ಹಡಗು ಬಂದು, ಕಸ್ಟಮ್ಸ್ ಬಿಲ್ ಆಗಿ, ರಿಫೈನರಿ ದಾಟಿ, ಪಾಕೆಟ್ ಆಗಿ, ಡಿಸ್ಟ್ರಿಬ್ಯೂಟರ್ ಗೋದಾಮಿನಿಂದ ನಿಮ್ಮ ಓಣಿಯ ಅಂಗಡಿಗೆ ಬರಲು ಮೂರರಿಂದ ಆರು ವಾರ ಬೇಕು. ಸರಕು ಸುಂಕ ಕಟ್ಟದೆ ಬಾಂಡೆಡ್ ಟ್ಯಾಂಕಿನಲ್ಲಿ ಕೂತಿದ್ದರೆ ಮಾತ್ರ ಹೊರತೆಗೆಯುವ ದಿನದ ಹೊಸ ದರ ಸಿಗುತ್ತದೆ.

ಸುಂಕ ಏರಿಸಿದಾಗ ಮಾತ್ರ ಇಷ್ಟು ದಿನ ಕಾಯುವುದಿಲ್ಲ, ಮರುದಿನವೇ ಬೆಲೆ ಏರುತ್ತದೆ. ಮುಂದಿನ ಲೋಡು ಎಷ್ಟಕ್ಕೆ ಬೀಳುತ್ತದೋ ಆ ದರಕ್ಕೆ ಇವತ್ತಿನ ಸ್ಟಾಕನ್ನು ಮಾರುವುದು ವ್ಯಾಪಾರದ ರೂಢಿ. 2024ರ ಸೆಪ್ಟೆಂಬರ್‌ನಲ್ಲಿ ಸುಂಕ ಏರಿದಾಗ, ಹಳೆ ಸುಂಕದಲ್ಲಿ ಬಂದ ಸುಮಾರು 30 ಲಕ್ಷ ಟನ್ ಎಣ್ಣೆ ದೇಶದಲ್ಲಿದೆ, ಅದು ಮುಗಿಯುವವರೆಗೆ ಬೆಲೆ ಏರಿಸಬೇಡಿ ಎಂದು ಕೇಂದ್ರ ಸರ್ಕಾರವೇ ಕಂಪನಿಗಳಿಗೆ ಹೇಳಬೇಕಾಯಿತು. ಗ್ರಾಹಕರ ಸಿಟ್ಟಿಗೆ ಇಲ್ಲಿ ನಿಜವಾದ ಕಾರಣ ಇದೆ.

ಒಂದು ಲೀಟರ್ ಪಾಕೆಟಲ್ಲಿ 910 ಗ್ರಾಂ ಅಂತ ಇರುತ್ತೆ. ತೂಕದಲ್ಲಿ ಮೋಸನಾ?

ಮೋಸವಲ್ಲ. ಎಣ್ಣೆ ನೀರಿಗಿಂತ ಹಗುರ. ಒಂದು ಲೀಟರ್ ತೂಗಿದರೆ ಸುಮಾರು 910 ಗ್ರಾಂ ಬರುತ್ತದೆ. ಎಚ್ಚರ ಬೇಕಾದ್ದು ಬೇರೆ ಕಡೆ. ನೋಡಲು ಲೀಟರ್ ಪಾಕೆಟ್‌ನಂತೆಯೇ ಇದ್ದು ಒಳಗೆ 850 ಗ್ರಾಮೋ 800 ಗ್ರಾಮೋ ಇರುವ ಪಾಕೆಟ್‌ಗಳಿವೆ. ಹಾಗಾಗಿ ಬೆಲೆಯನ್ನು ಗ್ರಾಮಿನಿಂದ ಭಾಗಿಸಿ, 1,000ದಿಂದ ಗುಣಿಸಿ ಕೆಜಿ ದರ ತೆಗೆದು ಹೋಲಿಸಿ.

ಟಿನ್ ಕೊಳ್ಳುವ ಹೋಟೆಲಿನವರಿಗೆ ಇದು ಇನ್ನೂ ದೊಡ್ಡ ವಿಷಯ. '15 ಲೀಟರ್' ಟಿನ್‌ನಲ್ಲಿ 13.65 ಕೆಜಿ ಎಣ್ಣೆ ಇರುತ್ತದೆ. '15 ಕೆಜಿ' ಟಿನ್ ಬೇರೆಯದೇ. ನಡುವಿನ ವ್ಯತ್ಯಾಸ 1.35 ಕೆಜಿ. ದಿನಕ್ಕೆ ಎರಡು ಟಿನ್ ಮಿರ್ಚಿ ಬಜ್ಜಿಗೇ ಹೋಗುವ ಅಂಗಡಿಯಲ್ಲಿ ತಿಂಗಳಿಗೆ 81 ಕೆಜಿ ಆಯಿತು. ಟಿನ್‌ಗೆ ಐವತ್ತು ರೂಪಾಯಿ ಕಡಿಮೆ ಎಂದು ಯಾರಾದರೂ ಹೇಳಿದರೆ ಮೊದಲು ಕೆಜಿನೋ ಲೀಟರೋ ಕೇಳಿ.

## ಲೆಕ್ಕದ ಪ್ರಶ್ನೆಗಳು

ಸುಂಕ 10 ಅಂತ ಒಬ್ಬರು, 16.5 ಅಂತ ಇನ್ನೊಬ್ಬರು. ಯಾವುದು ಸರಿ?

ಎರಡೂ ಸರಿ. ಶೇ 10 ಎಂಬುದು ಮೂಲ ಕಸ್ಟಮ್ಸ್ ಸುಂಕ. ಅದಕ್ಕೆ ಕೃಷಿ ಮೂಲಸೌಕರ್ಯ ಸೆಸ್ 5 ಸೇರುತ್ತದೆ. ಈ ಎರಡರ ಮೊತ್ತವಾದ 15ರ ಮೇಲೆ ಶೇ 10 ಸಮಾಜ ಕಲ್ಯಾಣ ಸರ್ಚಾರ್ಜ್, ಅಂದರೆ 1.5. ಒಟ್ಟು 16.5. ಕ್ರೂಡ್ (ಇನ್ನೂ ರಿಫೈನ್ ಆಗದ) ಪಾಮ್, ಕ್ರೂಡ್ ಸೋಯಾ, ಕ್ರೂಡ್ ಸೂರ್ಯಕಾಂತಿ ಮೂರಕ್ಕೂ 2025ರ ಮೇ 31ರಿಂದ ಬಂದ ದರ ಇದು.

ಅದಕ್ಕೂ ಮೊದಲು, 2024ರ ಸೆಪ್ಟೆಂಬರ್ 14ರಂದು, ಇದೇ ದರವನ್ನು 5.5ರಿಂದ 27.5ಕ್ಕೆ ಏರಿಸಿದ್ದರು. ರಿಫೈಂಡ್ ಎಣ್ಣೆಯ ಸುಂಕ ಅದೇ ದಿನ 13.75ರಿಂದ 35.75ಕ್ಕೆ ಹೋಯಿತು. ಮೇ ತಿಂಗಳ ಇಳಿಕೆ ರಿಫೈಂಡ್‌ಗೆ ಅನ್ವಯಿಸಲಿಲ್ಲ. ಹೀಗೆ ಕ್ರೂಡ್‌ಗೂ ರಿಫೈಂಡ್‌ಗೂ ನಡುವಿನ ಅಂತರ 8.25ರಿಂದ 19.25ಕ್ಕೆ ಹಿಗ್ಗಿತು. ರಿಫೈನ್ ಆಗಿಯೇ ಬರುತ್ತಿದ್ದ ಪಾಮೋಲಿನ್ (ಪಾಮ್ ಎಣ್ಣೆಯ ತಿಳಿ ಭಾಗ) ತರಿಸುವುದು ಲಾಭವಲ್ಲ ಎಂಬ ಸ್ಥಿತಿ ಬಂದು, ಕೆಲಸ ನಮ್ಮ ದೇಶದ ರಿಫೈನರಿಗಳಿಗೆ ಮರಳಿತು. ಆ ಮಟ್ಟಿಗೆ ಅದು ಒಳ್ಳೆಯ ನಿರ್ಧಾರ.

ಟ್ಯಾರಿಫ್ ಮೌಲ್ಯ ಅಂದ್ರೆ ಏನು? ಸುಂಕ ಲೆಕ್ಕ ಹಾಕೋದು ಬಿಲ್ ಮೇಲೆ ಅಲ್ವಾ?

ಪಾಮ್ ಮತ್ತು ಕ್ರೂಡ್ ಸೋಯಾ ಎಣ್ಣೆಗೆ ಬಿಲ್ ಬೆಲೆ ಎಷ್ಟೇ ಇರಲಿ, ಸರ್ಕಾರ ಹದಿನೈದು ದಿನಕ್ಕೊಮ್ಮೆ ಡಾಲರ್‌ನಲ್ಲಿ ಪ್ರಕಟಿಸುವ ಟ್ಯಾರಿಫ್ ಮೌಲ್ಯದ ಮೇಲೆ ಸುಂಕ ಬೀಳುತ್ತದೆ. ಬಿಲ್ಲಿನಲ್ಲಿ ಬೆಲೆ ಕಡಿಮೆ ತೋರಿಸಿ ಸುಂಕ ತಪ್ಪಿಸಬಾರದೆಂದು ಮಾಡಿದ ವ್ಯವಸ್ಥೆ. ಸೂರ್ಯಕಾಂತಿ ಎಣ್ಣೆಗೆ ಇದು ಇಲ್ಲ, ಅದಕ್ಕೆ ಬಿಲ್ ಬೆಲೆಯೇ ಆಧಾರ. ಚನ್ನಗಿರಿ ಕಡೆಯ ಅಡಿಕೆ ಬೆಳೆಗಾರರಿಗೆ ಈ ಪಟ್ಟಿ ಪರಿಚಯ ಇರಬೇಕು. ಆಮದು ಅಡಿಕೆಯ ಟ್ಯಾರಿಫ್ ಮೌಲ್ಯವೂ ಅದೇ ಅಧಿಸೂಚನೆಯಲ್ಲಿ ಬರುತ್ತದೆ.

ಹೊರದೇಶದಲ್ಲಿ ಬೆಲೆ ಜೋರಾಗಿ ಬೀಳುವಾಗ ಟ್ಯಾರಿಫ್ ಮೌಲ್ಯ ಹಿಂದೆ ಉಳಿಯುತ್ತದೆ. ಆ ಹದಿನೈದು ದಿನ ಕಟ್ಟುವ ಸುಂಕ, ನಿಜ ಬೆಲೆಯ ಲೆಕ್ಕದಲ್ಲಿ ಸ್ವಲ್ಪ ಹೆಚ್ಚೇ ಆಗುತ್ತದೆ.

ಡಾಲರ್ ರೇಟನ್ನ ನಮ್ಮ ಕೆಜಿ ರೇಟಿಗೆ ಹೇಗೆ ತರೋದು?

ಕಾಗದ, ಪೆನ್ನು ತಗೊಳ್ಳಿ. ಭಾರತದ ಬಂದರಿಗೆ ಬಂದು ಮುಟ್ಟುವ ದರ, ಅಂದರೆ ಹಡಗು ಬಾಡಿಗೆ, ವಿಮೆ ಸೇರಿದ ಸಿಐಎಫ್ ದರ, ಟನ್‌ಗೆ 1,100 ಡಾಲರ್ ಎಂದಿಟ್ಟುಕೊಳ್ಳಿ. ಡಾಲರ್‌ಗೆ 88 ರೂಪಾಯಿ.

1,100 × 88 = ಟನ್‌ಗೆ ₹96,800.
ಶೇ 16.5 ಸುಂಕ = ₹15,972. ಸೇರಿಸಿದರೆ ₹1,12,772.
ಬಂದರಿನ ಟ್ಯಾಂಕ್ ಬಾಡಿಗೆ, ಇಳಿಸುವ ಖರ್ಚು ₹1,500. ಈಗ ₹1,14,272.
ರಿಫೈನ್ ಮಾಡುವಾಗ ನೂರಕ್ಕೆ 4 ಸೋರಿಕೆ. 0.96ರಿಂದ ಭಾಗಿಸಿ: ₹1,19,033.
ರಿಫೈನರಿ ಖರ್ಚು ₹3,500, ದಾವಣಗೆರೆವರೆಗೆ ಟ್ಯಾಂಕರ್ ಬಾಡಿಗೆ ₹2,000. ಒಟ್ಟು ₹1,24,533.

ಕೆಜಿಗೆ ₹124.50. ಲೀಟರ್‌ಗೆ 0.91ರಿಂದ ಗುಣಿಸಿದರೆ ₹113.30. ಪಾಕೆಟ್, ಬಾಕ್ಸ್ ಖರ್ಚು ₹5 ಸೇರಿಸಿ, ಅದರ ಮೇಲೆ ಶೇ 5 ಜಿಎಸ್‌ಟಿ ಹಾಕಿದರೆ ₹124 ಚಿಲ್ಲರೆ. ಇದರ ಮೇಲೆ ಬರುವುದು ಕಂಪನಿ, ಡಿಸ್ಟ್ರಿಬ್ಯೂಟರ್, ಅಂಗಡಿಯವರ ಲಾಭ.

ಇಲ್ಲಿ ಸಾಮಾನ್ಯವಾಗಿ ಆಗುವ ತಪ್ಪು ಎರಡು. ಒಂದು, ಮಲೇಷ್ಯಾದ ಹಡಗು ಹತ್ತಿಸುವ ದರವನ್ನೇ ಸಿಐಎಫ್ ಎಂದು ತಿಳಿದು ಹಡಗು ಬಾಡಿಗೆ ಮರೆಯುವುದು. ಇನ್ನೊಂದು, ಬ್ಯಾಂಕಿನ ಡಾಲರ್ ದರದಲ್ಲೇ ಸುಂಕ ಲೆಕ್ಕ ಹಾಕುವುದು. ಸುಂಕಕ್ಕೆ ಕಸ್ಟಮ್ಸ್ ಇಲಾಖೆ ಪ್ರಕಟಿಸುವ ವಿನಿಮಯ ದರವೇ ಬೇಕು.

ದಿನಾ ಇಷ್ಟೆಲ್ಲ ಬರೆಯಲಾಗದವರಿಗೆ ಬಾಯಿಲೆಕ್ಕ: ಸಿಐಎಫ್ 10 ಡಾಲರ್ ಏರಿದರೆ ಕೆಜಿಗೆ ಹತ್ತಿರ ಹತ್ತಿರ ಒಂದು ರೂಪಾಯಿ. ಸುಂಕ ಶೇ 1 ಏರಿದರೆ ಅದೂ ಹತ್ತಿರ ಹತ್ತಿರ ಒಂದು ರೂಪಾಯಿ. ಡಾಲರ್‌ಗೆ ನಮ್ಮ ಹಣ ಒಂದು ರೂಪಾಯಿ ಸೋತರೆ ಕೆಜಿಗೆ ಸುಮಾರು ₹1.30. 2025ರ ಮೇ ತಿಂಗಳ 11 ಅಂಕದ ಸುಂಕ ಇಳಿಕೆ ಈ ಲೆಕ್ಕದಲ್ಲಿ ಕೆಜಿಗೆ ಹತ್ತಿರ ಹತ್ತಿರ ₹11. ರೂಪಾಯಿ ಸೋತರೂ ಹೊರದೇಶದ ದರ ಇಳಿದರೆ ಎರಡೂ ಸರಿಹೋಗಿಬಿಡಬಹುದು. ಆದ್ದರಿಂದ ಮೂರನ್ನೂ ಒಟ್ಟಿಗೇ ನೋಡಬೇಕು.

ಎರಡು ಮೂರು ವರ್ಷದಲ್ಲಿ ಆಮದಿನ ರೀತಿ ಹೇಗೆ ಬದಲಾಗಿದೆ?

ಒಟ್ಟು ಮೊತ್ತ ಹೆಚ್ಚು ಕಡಿಮೆ ಅಷ್ಟೇ ಇದ್ದು, ಒಳಗಿನ ಪಾಲು ತಿರುಗಿದೆ. 2023-24ರಲ್ಲಿ ಪಾಮ್ ಎಣ್ಣೆ ಸುಮಾರು 90 ಲಕ್ಷ ಟನ್, ಸೋಯಾ 34 ಲಕ್ಷ ಟನ್ ಬಂದಿತ್ತು. 2024-25ರಲ್ಲಿ ಪಾಮ್ ಸುಮಾರು 76 ಲಕ್ಷಕ್ಕೆ ಇಳಿದು, ಸೋಯಾ 55 ಲಕ್ಷ ಟನ್ ಹತ್ತಿರ ಹೋಯಿತು. ಸದಾ ಅಗ್ಗ ಎನಿಸಿಕೊಂಡ ಪಾಮಾಯಿಲ್ ತಿಂಗಳುಗಟ್ಟಲೆ ಸೋಯಾಗಿಂತ ದುಬಾರಿಯಾದದ್ದೇ ಇದಕ್ಕೆ ಕಾರಣ.

ದುಬಾರಿಯಾದದ್ದು ಯಾಕೆ? ಇಂಡೋನೇಷ್ಯಾ ತನ್ನ ಪಾಮ್ ಎಣ್ಣೆಯನ್ನು ಡೀಸೆಲ್‌ಗೆ ಬೆರೆಸುತ್ತಿದೆ. ಬೆರಕೆ 2023ರಲ್ಲಿ ಶೇ 35 ಇತ್ತು, 2025ರಲ್ಲಿ ಶೇ 40 ಆಯಿತು. ದಾವಣಗೆರೆಯ ಬಾಣಲೆಗೆ ಬರಬೇಕಾದ ಎಣ್ಣೆ ಜಕಾರ್ತದ ಲಾರಿ ಟ್ಯಾಂಕಿಗೆ ಹೋಗುತ್ತಿದೆ. ಅದಕ್ಕೇ ಪೆಟ್ರೋಲಿಯಂ ಬೆಲೆ ಏರಿದಾಗ ಅಡುಗೆ ಎಣ್ಣೆಯೂ ಅದರ ಹಿಂದೆ ಏರುವುದನ್ನು ಈಗ ಹೆಚ್ಚಾಗಿ ಕಾಣುತ್ತೇವೆ.

2022ರಲ್ಲಿ ಎಣ್ಣೆ ಅಷ್ಟು ಏರಿದ್ದು ಯಾಕೆ? ಮತ್ತೆ ಹಾಗಾಗುತ್ತಾ?

ಎರಡು ಹೊಡೆತ ಒಂದರ ಹಿಂದೆ ಒಂದು ಬಿದ್ದವು. ಫೆಬ್ರವರಿಯಲ್ಲಿ ಯುದ್ಧ ಶುರುವಾಗಿ ಉಕ್ರೇನ್ ಬಂದರು ಮುಚ್ಚಿ ಸೂರ್ಯಕಾಂತಿ ಎಣ್ಣೆ ನಿಂತಿತು. ಏಪ್ರಿಲ್ 28ರಂದು ಇಂಡೋನೇಷ್ಯಾ ಪಾಮ್ ಎಣ್ಣೆ ರಫ್ತನ್ನೇ ನಿಷೇಧಿಸಿತು. ನಿಷೇಧ ತೆರವಾದದ್ದು ಮೇ 23ಕ್ಕೆ. ಆಮೇಲೆ ಅಲ್ಲಿ ತುಂಬಿಕೊಂಡಿದ್ದ ಸ್ಟಾಕು ಒಮ್ಮೆಲೇ ಹೊರಬಂದು ಬೆಲೆ ಕುಸಿಯಿತು. ಮೇ ತಿಂಗಳ ದರಕ್ಕೆ ಟ್ಯಾಂಕರ್ ತುಂಬಿಸಿದ್ದವರು ಜುಲೈನಲ್ಲಿ ನಷ್ಟಕ್ಕೆ ಮಾರಿದರು. ಅರ್ಧಕ್ಕಿಂತ ಹೆಚ್ಚು ಎಣ್ಣೆಗೆ ಕೆಲವೇ ದೇಶಗಳನ್ನು ನೆಚ್ಚಿಕೊಂಡಿರುವವರೆಗೆ ಇಂಥದ್ದು ಮತ್ತೆ ಆಗಬಹುದು.

## ರೈತರ ಪ್ರಶ್ನೆಗಳು

ಶೇಂಗಾ ಎಣ್ಣೆ ಹೊರಗಿಂದ ಬರೋದೇ ಇಲ್ಲ. ಪಾಮಾಯಿಲ್ ಬಿದ್ರೆ ನಮ್ಮ ಶೇಂಗಾ ರೇಟು ಯಾಕೆ ಬೀಳ್ತೈತೆ?

ಗಿರಾಕಿ ಬದಲಾಯಿಸುವುದರಿಂದ. ಶೇಂಗಾ ಎಣ್ಣೆಗೂ ಸನ್‌ಫ್ಲವರ್‌ಗೂ ಅಂತರ ಕೆಜಿಗೆ ಇಪ್ಪತ್ತು, ಮೂವತ್ತು ರೂಪಾಯಿ ಇದ್ದರೆ ರುಚಿಗಾಗಿ ಶೇಂಗಾ ಎಣ್ಣೆಯನ್ನೇ ಕೊಳ್ಳುವ ಮನೆಗಳಿವೆ. ಅಂತರ ಎಪ್ಪತ್ತು, ಎಂಬತ್ತಾದರೆ ಅವರಲ್ಲಿ ಬಹಳ ಜನ ಪಾಕೆಟ್‌ಗೆ ಹೋಗುತ್ತಾರೆ. ಹೋಟೆಲು, ಖಾರಾ ಅಂಗಡಿ, ಬೇಕರಿಗಳಂತೂ ಮೊದಲೇ ಹೋಗಿರುತ್ತವೆ. ಮಿಲ್‌ನಲ್ಲಿ ಎಣ್ಣೆ ನಿಂತಿತೆಂದರೆ ಮಿಲ್‌ನವರು ಕಾಯಿ ಕೊಳ್ಳುವುದು ನಿಲ್ಲಿಸುತ್ತಾರೆ.

ಇನ್ನೊಂದು ದಾರಿ ರಫ್ತಿನದು. ನಮ್ಮ ಶೇಂಗಾ ಎಣ್ಣೆಗೆ ಚೀನಾ ದೊಡ್ಡ ಗಿರಾಕಿ, ಬೀಜಕ್ಕೆ ಆಗ್ನೇಯ ಏಷ್ಯಾದ ದೇಶಗಳು. 2025ರ ಸೆಪ್ಟೆಂಬರ್‌ನಲ್ಲಿ ಅಫ್ಲಾಟಾಕ್ಸಿನ್ ಎಂಬ ಬೂಷ್ಟಿನ ವಿಷದ ಕಾರಣಕ್ಕೆ ಇಂಡೋನೇಷ್ಯಾ ಭಾರತದ ಶೇಂಗಾವನ್ನು ತಾತ್ಕಾಲಿಕವಾಗಿ ನಿಲ್ಲಿಸಿತು. ಕಿತ್ತ ಶೇಂಗಾವನ್ನು ನೆಲದ ಮೇಲೆ ಹಸಿಯಾಗಿ ರಾಶಿ ಹಾಕಬೇಡಿ. ಕಾಯಿ ಮೇಲೆ ಮಾಡಿ ಒಣಗಿಸಿ, ತೇವ ನೂರಕ್ಕೆ 8ಕ್ಕೆ ಇಳಿದ ಮೇಲೆ ಚೀಲ ತುಂಬಿ. ಅಲ್ಲಾಡಿಸಿದರೆ ಒಳಗೆ ಬೀಜ ಗಲಗಲ ಅನ್ನಬೇಕು.

ಮಿಲ್‌ನವರು ಕಾಯಿಗೆ ಕೊಡೋ ರೇಟು ಸರಿಯಿದೆಯಾ ಅಂತ ನಾವೇ ಲೆಕ್ಕ ಹಾಕಬಹುದಾ?

ಹಾಕಬಹುದು, ಹಾಕಲೇಬೇಕು. ಒಂದು ಕ್ವಿಂಟಲ್ ಒಣ ಕಾಯಿ ಸುಲಿದರೆ ಒಳ್ಳೆ ತುಂಬಿದ ಮಾಲಿನಲ್ಲಿ 70 ಕೆಜಿ ಬೀಜ, 30 ಕೆಜಿ ಸಿಪ್ಪೆ. ಎಕ್ಸ್‌ಪೆಲ್ಲರ್‌ಗೆ (ಎಣ್ಣೆ ಹಿಂಡುವ ಯಂತ್ರ) ಹಾಕಿದರೆ ಸುಮಾರು 29 ಕೆಜಿ ಎಣ್ಣೆ, 39 ಕೆಜಿ ಹಿಂಡಿ. ಎರಡು ಕೆಜಿ ತೇವ, ಕಸದಲ್ಲಿ ಹೋಗುತ್ತದೆ.

ಮಿಲ್‌ನ ಎಣ್ಣೆ ಕೆಜಿಗೆ ₹150 ಇದೆ ಎನ್ನಿ: 29 × 150 = ₹4,350. ಹಿಂಡಿ ₹35ರಂತೆ ₹1,365. ಸಿಪ್ಪೆ ₹3ರಂತೆ ₹90. ಒಟ್ಟು ₹5,805. ಅರೆಯುವ ಖರ್ಚು, ಚೀಲ, ಹಮಾಲಿ, ಸಾಗಣೆ ಸೇರಿ ₹500 ಕಳೆಯಿರಿ. ₹5,305 ಉಳಿಯಿತು. ಮಿಲ್‌ನವರಿಗೆ ಲಾಭವೂ ಇಲ್ಲ, ನಷ್ಟವೂ ಇಲ್ಲ ಎನ್ನುವ ದರ ಅದು. ಅದಕ್ಕಿಂತ ಬಹಳ ಕೆಳಗೆ ಕೇಳಿದರೆ ಚೌಕಾಸಿ ಮಾಡಿ, ಬೇರೆ ಖರೀದಿದಾರರನ್ನು ನೋಡಿ. ನಿಮ್ಮ ಮಾಲಿನಲ್ಲಿ ಬೀಜ 70ರ ಬದಲು 64 ಕೆಜಿ ಬಿದ್ದರೆ ಎಣ್ಣೆ, ಹಿಂಡಿ ಎರಡೂ ಅದೇ ಪ್ರಮಾಣದಲ್ಲಿ ಇಳಿದು ದರ ನಾನೂರೈವತ್ತು, ಐನೂರು ಕಡಿಮೆಯಾಗುತ್ತದೆ. ಮಂಡಿಗೆ ಹೋಗುವ ಮುಂಚೆ ಮನೆಯಲ್ಲೇ ಒಂದು ಕೆಜಿ ಕಾಯಿ ಸುಲಿದು ತೂಗಿಕೊಳ್ಳಿ, ಮಾತಿಗೆ ಬಲ ಬರುತ್ತದೆ. ಆ ದಿನದ ಮಂಡಿ ದರಗಳು 'ಕೃಷಿ ಮಾರಾಟ ವಾಹಿನಿ' ಜಾಲತಾಣದಲ್ಲಿ ಸಿಗುತ್ತವೆ.

ಬೆಂಬಲ ಬೆಲೆ ₹7,263 ಇದ್ದರೂ ಮಂಡೀಲಿ ಯಾರೂ ಅಷ್ಟು ಕೊಡಲ್ವಲ್ಲ?

ಮೇಲಿನ ಲೆಕ್ಕವನ್ನೇ ತಿರುಗಿಸಿ. 2025-26ರ ಶೇಂಗಾ ಬೆಂಬಲ ಬೆಲೆ ಕ್ವಿಂಟಲ್‌ಗೆ ₹7,263. ಅದರ ಮೇಲೆ ಖರ್ಚು ₹500 ಕೂಡಿ, ಹಿಂಡಿ, ಸಿಪ್ಪೆಯ ₹1,455 ಕಳೆದು 29ರಿಂದ ಭಾಗಿಸಿದರೆ ಎಣ್ಣೆಗೆ ಕೆಜಿಗೆ ₹217 ಸಿಗಬೇಕು. ಪಕ್ಕದ ಟ್ಯಾಂಕಿನಲ್ಲಿ ಆಮದು ಎಣ್ಣೆ ₹125ಕ್ಕೆ ಇರುವಾಗ ಆ ದರಕ್ಕೆ ಮಾರುವುದು ಕಷ್ಟ. ಆದ್ದರಿಂದ ಬೆಂಬಲ ಬೆಲೆ ರೈತರಿಗೆ ಸಿಗುವುದು ಸರ್ಕಾರ ಖರೀದಿ ಕೇಂದ್ರ ತೆರೆದಾಗ ಮಾತ್ರ, ಅಥವಾ ಎಣ್ಣೆಗಲ್ಲದೆ ತಿನ್ನುವ ಬೀಜಕ್ಕೆ ಮಾಲು ಹೋದಾಗ. ದಪ್ಪ, ಒಂದೇ ಗಾತ್ರದ, ಗುಲಾಬಿ ಬಣ್ಣದ ಬೀಜ ಇದ್ದರೆ ಅದನ್ನು ಎಣ್ಣೆ ಮಿಲ್‌ಗೆ ಹಾಕಬೇಡಿ, ಬೀಜ ವಿಂಗಡಿಸುವವರಿಗೆ ಕೊಡಿ.

ನಮ್ಮ ಕಡೆ ಸೂರ್ಯಕಾಂತಿ ಯಾಕೆ ಕಡಿಮೆ ಆಯ್ತು?

ಹೊಲದಲ್ಲಿ ಕಾರಣಗಳಿವೆ. 1997ರಲ್ಲಿ ಬಾಗೇಪಲ್ಲಿಯಲ್ಲಿ ಮೊದಲು ಕಂಡ ನೆಕ್ರೋಸಿಸ್ ನಂಜುರೋಗ ಬೆಳೆಯನ್ನು ಹಾಳು ಮಾಡಿತು. ಗಿಳಿ ಕಾಯುವುದಕ್ಕೆ ಆಳು ಸಿಗುವುದಿಲ್ಲ. ಪಕ್ಕದ ಮೆಕ್ಕೆಜೋಳ ಇಷ್ಟು ತಾಪತ್ರಯ ಕೊಡುವುದಿಲ್ಲ.

ಆದರೂ ದೊಡ್ಡ ಕಾರಣ ಬಂದರಿನಲ್ಲಿದೆ. 2025-26ರ ಬೆಂಬಲ ಬೆಲೆ ಕ್ವಿಂಟಲ್‌ಗೆ ₹7,721. ಕ್ವಿಂಟಲ್ ಬೀಜಕ್ಕೆ 36 ಕೆಜಿ ಎಣ್ಣೆ, 60 ಕೆಜಿ ಹಿಂಡಿ ಎಂದಿಟ್ಟು, ಹಿಂಡಿ ₹22, ಅರೆಯುವ ಖರ್ಚು ₹400 ಹಿಡಿದರೆ ಎಣ್ಣೆ ಕೆಜಿಗೆ ₹189 ಬಿತ್ತು. ಅದೂ ರಿಫೈನ್ ಆಗುವ ಮುಂಚೆ. ಟನ್‌ಗೆ 1,250 ಡಾಲರ್‌ಗೆ ಬಂದ ಕ್ರೂಡ್ ಸೂರ್ಯಕಾಂತಿ ಎಣ್ಣೆ ಶೇ 16.5 ಸುಂಕ ಕಟ್ಟಿದ ಮೇಲೂ ಕೆಜಿಗೆ ₹128. ಅರವತ್ತು ರೂಪಾಯಿ ಅಂತರ! ಹಿರಿಯೂರು, ಚಳ್ಳಕೆರೆಯ ರೈತರು ಎಷ್ಟೇ ಚೆನ್ನಾಗಿ ಬೆಳೆದರೂ ಈ ಅಂತರವನ್ನು ಇಳುವರಿಯೊಂದರಿಂದ ತುಂಬಲಾಗದು.

ಸುಂಕದ ಸಮಯವೂ ನೋಯಿಸುತ್ತದೆ. 2024ರಲ್ಲಿ ಮುಂಗಾರು ಬೆಳೆ ಬರುವ ಹೊತ್ತಿಗೆ ಏರಿಸಿದ್ದು ಸರಿಯಾಗಿತ್ತು. 2025ರ ಮೇ ಕೊನೆಯಲ್ಲಿ, ಏನು ಬಿತ್ತಬೇಕೆಂದು ರೈತರು ಯೋಚಿಸುವ ವಾರದಲ್ಲೇ, ಇಳಿಸಿದರು. ಎಣ್ಣೆಕಾಳಿಗೆ 2024ರ ಅಕ್ಟೋಬರ್‌ನಲ್ಲಿ ₹10,103 ಕೋಟಿಯ ರಾಷ್ಟ್ರೀಯ ಮಿಷನ್ ಘೋಷಿಸಿದ ಸರ್ಕಾರವೇ ಬಿತ್ತನೆಯ ಮುಂಚೆ ಬೆಲೆಯ ಆಸೆ ಕಿತ್ತುಕೊಂಡರೆ ಆ ದುಡ್ಡು ಫಲ ಕೊಡುವುದು ಹೇಗೆ? ಇಡೀ ಹಂಗಾಮಿಗೆ ಸುಂಕ ಬದಲಿಸುವುದಿಲ್ಲ ಎಂಬ ಭರವಸೆ ಒಂದಿದ್ದರೂ ಸಾಕಷ್ಟು ಹೊಲ ಎಣ್ಣೆಕಾಳಿಗೆ ಮರಳುತ್ತದೆ. ಕಾನೂನಿನ ಅಡ್ಡಿಯೂ ಹೆಚ್ಚಿಲ್ಲ. ವಿಶ್ವ ವ್ಯಾಪಾರ ಸಂಸ್ಥೆಗೆ ಭಾರತ ಕೊಟ್ಟ ಮಾತಿನಂತೆ ಪಾಮ್, ಸೂರ್ಯಕಾಂತಿ ಎಣ್ಣೆಗೆ ಶೇ 300ರವರೆಗೂ ಸುಂಕ ಹಾಕಬಹುದು. ಸೋಯಾಗೆ ಮಾತ್ರ ಮಿತಿ ಶೇ 45.

ಹಿಂಡಿ ರೇಟು ಯಾಕೆ ಇಷ್ಟು ಬಿದ್ದೈತೆ?

ಇದಕ್ಕೆ ಉತ್ತರ ದಾವಣಗೆರೆಯ ಮೆಕ್ಕೆಜೋಳದಲ್ಲಿದೆ. ಎಥನಾಲ್ ಕಾರ್ಖಾನೆಗಳು ಮೆಕ್ಕೆಜೋಳ, ಅಕ್ಕಿ ಕೊಂಡು ಸ್ಪಿರಿಟ್ ತೆಗೆದ ಮೇಲೆ ಉಳಿಯುವ ಒಣ ಗಸಿ ಪ್ರೋಟೀನ್ ತುಂಬಿದ ಮೇವು. ವ್ಯಾಪಾರದಲ್ಲಿ ಅದನ್ನು ಡಿಡಿಜಿಎಸ್ ಅನ್ನುತ್ತಾರೆ. ಕೋಳಿ, ದನದ ಮೇವಿನ ಕಾರ್ಖಾನೆಗಳು ಹಿಂಡಿಯ ಬದಲು ಅದನ್ನು ಅಗ್ಗಕ್ಕೆ ಕೊಳ್ಳುತ್ತಿವೆ. ಮೆಕ್ಕೆಜೋಳ ಬೆಳೆದವರಿಗೆ ಎಥನಾಲ್‌ನಿಂದ ಅನುಕೂಲ, ಶೇಂಗಾ ಬೆಳೆದವರಿಗೆ ಅದರಿಂದಲೇ ಪೆಟ್ಟು. ಹಿಂಡಿ ಕೆಜಿಗೆ ₹5 ಬಿದ್ದರೆ ಒಂದು ಕ್ವಿಂಟಲ್ ಕಾಯಿಯ ದರದಲ್ಲಿ ₹195 ಹೋಗುತ್ತದೆ.

## ಮಿಲ್, ವ್ಯಾಪಾರದವರ ಪ್ರಶ್ನೆಗಳು

ಬೆಳಿಗ್ಗೆ ಎದ್ದು ಯಾವ ಮಾರ್ಕೆಟ್ ನೋಡಬೇಕು?

ಪಾಮಾಯಿಲ್‌ಗೆ ಮಲೇಷ್ಯಾದ ವಾಯಿದಾ ಮಾರುಕಟ್ಟೆ ಬುರ್ಸಾ. ದರ ರಿಂಗಿಟ್‌ನಲ್ಲಿರುತ್ತದೆ, ಡಾಲರ್‌ಗೆ ತಿರುಗಿಸಬೇಕು. ಸೋಯಾ ಎಣ್ಣೆಗೆ ಷಿಕಾಗೋ. ಅಲ್ಲಿ ದರ ಪೌಂಡ್‌ಗೆ ಇಷ್ಟು ಸೆಂಟ್ ಎಂದು. ಅದನ್ನು 22.046ರಿಂದ ಗುಣಿಸಿದರೆ ಟನ್‌ಗೆ ಡಾಲರ್ ಬರುತ್ತದೆ: 50 ಸೆಂಟ್ ಅಂದರೆ 1,102 ಡಾಲರ್. ಮಲೇಷ್ಯಾದ ಪಾಮ್ ಎಣ್ಣೆ ಮಂಡಳಿ ತಿಂಗಳ 10ನೇ ತಾರೀಕಿನ ಸುಮಾರಿಗೆ ಸ್ಟಾಕ್ ವರದಿ ಕೊಡುತ್ತದೆ. ಅಲ್ಲಿ ಸ್ಟಾಕು ಏರಿದ್ದರೆ ಬೆಲೆ ಮೆತ್ತಗಾಗುತ್ತದೆ. ನಮ್ಮ ದೇಶದ ಆಮದಿನ ಅಂಕಿಗಳನ್ನು ಎಣ್ಣೆ ಉದ್ಯಮದವರ ಸಂಘವಾದ ಸಾಲ್ವೆಂಟ್ ಎಕ್ಸ್‌ಟ್ರಾಕ್ಟರ್ಸ್ ಅಸೋಸಿಯೇಷನ್ ತಿಂಗಳ ಮಧ್ಯದಲ್ಲಿ ಪ್ರಕಟಿಸುತ್ತದೆ. ಅದರಲ್ಲಿ ಬಂದರಿನ ಸ್ಟಾಕಿನ ಸಾಲನ್ನು ಬಿಡದೆ ಓದಿ.

ಬೆಲೆ ಬೀಳೋ ಭಯಕ್ಕೆ ಫ್ಯೂಚರ್ಸ್‌ನಲ್ಲಿ ರಕ್ಷಣೆ ಮಾಡಿಕೊಳ್ಳಬಹುದಾ?

2021ರ ಡಿಸೆಂಬರ್ 20ರಂದು ಮಾರುಕಟ್ಟೆ ನಿಯಂತ್ರಕ ಸಂಸ್ಥೆ ಸೆಬಿ ಸೋಯಾ ಎಣ್ಣೆ, ಕ್ರೂಡ್ ಪಾಮ್, ಸೋಯಾಬೀನ್, ಸಾಸಿವೆ ಮೊದಲಾದವುಗಳ ವಾಯಿದಾ ವ್ಯಾಪಾರ (ಫ್ಯೂಚರ್ಸ್, ಅಂದರೆ ಮುಂದಿನ ತಿಂಗಳ ಮಾಲಿಗೆ ಇವತ್ತೇ ದರ ಕಟ್ಟುವ ವ್ಯಾಪಾರ) ನಿಲ್ಲಿಸಿ, ಆಮೇಲೆ ಅವಧಿಯನ್ನು ಮುಂದೂಡುತ್ತಲೇ ಬಂತು. ಸಣ್ಣ ಮಿಲ್‌ಗಳಿಗೆ ಉಳಿದ ರಕ್ಷಣೆ ಎಂದರೆ ಸ್ಟಾಕು ಕಡಿಮೆ ಇಡುವುದು. ಹದಿನೈದು ದಿನದ ಮಾರಾಟಕ್ಕಿಂತ ಹೆಚ್ಚು ಕೊಳ್ಳಬೇಡಿ. ಕೊಂಡ ದಿನವೇ ಅರ್ಧಕ್ಕೆ ಮಾರಾಟದ ಮಾತು ಮುಗಿಸಿ.

ಚಳ್ಳಕೆರೆಯಿಂದ ನಾನೇ ನೇರ ಆಮದು ಮಾಡಬಹುದಾ?

ಕಾಗದದ ಮಟ್ಟಿಗೆ ಮಾಡಬಹುದು. ಆಮದು-ರಫ್ತು ಕೋಡ್, ಆಮದಿಗೆಂದೇ ಆಹಾರ ಸುರಕ್ಷತಾ ಪ್ರಾಧಿಕಾರದಿಂದ (ಎಫ್‌ಎಸ್‌ಎಸ್‌ಎಐ) ಪಡೆದ ಲೈಸೆನ್ಸ್, ಮಾರುವವರಿಗೆ ಹಣ ಕೊಡುವ ಬ್ಯಾಂಕಿನ ಭರವಸೆ ಪತ್ರ (ಎಲ್‌ಸಿ) ಬೇಕು. ಕಷ್ಟ ಇರುವುದು ಪ್ರಮಾಣದಲ್ಲಿ. ಹಡಗಿನಲ್ಲಿ ಸಾವಿರಾರು ಟನ್ ಲೆಕ್ಕದ ವ್ಯವಹಾರ, ನಿಮಗೆ ಬೇಕಾದ್ದು ಒಂದೆರಡು ಟ್ಯಾಂಕರ್. ಸಣ್ಣವರು ಮಾಡುವ ದಾರಿ ಎಂದರೆ ದೊಡ್ಡ ಆಮದುದಾರರಿಂದ ಬಂದರಿನ ಟ್ಯಾಂಕಿನಲ್ಲೇ, ಸುಂಕ ಕಟ್ಟಿದ ಮಾಲು ಕೊಳ್ಳುವುದು. ದರ ಮಾತಾಡುವಾಗ ಜಿಎಸ್‌ಟಿ ಸೇರಿದೆಯೋ ಇಲ್ಲವೋ, ಎಷ್ಟು ದಿನದೊಳಗೆ ಎತ್ತಬೇಕು, ತಡವಾದರೆ ಟ್ಯಾಂಕ್ ಬಾಡಿಗೆ ಯಾರದು, ಈ ಮೂರನ್ನೂ ಬರಹದಲ್ಲಿ ತಗೊಳ್ಳಿ.

ಟ್ಯಾಂಕರ್ ತರಿಸುವಾಗ ಏನೇನು ಎಡವಟ್ಟಾಗುತ್ತೆ?

ತೂಕ, ನೀರು, ಆಮ್ಲೀಯತೆ, ಚಳಿ. ಬಂದರಿನ ತೂಕಕ್ಕೂ ನಿಮ್ಮೂರಿನ ವೇಬ್ರಿಡ್ಜ್ ತೂಕಕ್ಕೂ ಎಷ್ಟು ವ್ಯತ್ಯಾಸ ಒಪ್ಪುತ್ತೀರಿ ಎಂಬುದು ಮೊದಲೇ ತೀರ್ಮಾನವಾಗಬೇಕು. ಸೀಲ್ ನಂಬರನ್ನು ಚಲನ್ ಜೊತೆ ತಾಳೆ ನೋಡಿ, ಆಮೇಲೆ ವಾಲ್ವ್ ತೆರೆಯಿರಿ. ಟ್ಯಾಂಕರ್‌ನ ತಳದಿಂದ, ನಡುವಿನಿಂದ, ಮೇಲಿನಿಂದ ಮೂರು ಸ್ಯಾಂಪಲ್ ತೆಗೆದು ಬೆರೆಸಿ ಬಾಟಲಿಗೆ ಹಾಕಿ, ಡ್ರೈವರ್ ಸಹಿ ಹಾಕಿಸಿ ಇಟ್ಟುಕೊಳ್ಳಿ. ಇಳಿಸಿಯಾದ ಮೇಲೆ ತೆಗೆದ ಸ್ಯಾಂಪಲನ್ನು ಯಾರೂ ಒಪ್ಪುವುದಿಲ್ಲ. ಬಿಸಿ ಬಾಣಲೆಗೆ ನಾಲ್ಕು ಹನಿ ಬಿಟ್ಟಾಗ ಚಟಪಟ ಸಿಡಿದರೆ ನೀರು ಇದೆ. ಹಿಂದಿನ ಲೋಡು ಯಾವುದಿತ್ತೆಂದು ಕೇಳುವುದನ್ನೂ ಮರೆಯಬೇಡಿ.

ಪಾಮೋಲಿನ್ 25ರಿಂದ 30 ಡಿಗ್ರಿಯಲ್ಲಿರಬೇಕು, ಪಂಪ್ ಮಾಡುವಾಗ 32ರಿಂದ 35. ಕ್ರೂಡ್ ಪಾಮ್ ಅಂತೂ 50 ಡಿಗ್ರಿ ಮುಟ್ಟದೆ ಸಲೀಸಾಗಿ ಇಳಿಯುವುದಿಲ್ಲ. ಪುಷ್ಯ, ಮಾಘದ ಚಳಿಯಲ್ಲಿ ರಾತ್ರಿ ನಿಂತ ಟ್ಯಾಂಕರ್‌ನ ತಳದಲ್ಲಿ ಬಿಳಿ ಗಸಿ ಕೂರುತ್ತದೆ. ಅದು ಹಾಳಾದ ಮಾಲಲ್ಲ. ಆದರೆ ಬಿಸಿ ಮಾಡದೆ ಇಳಿಸಿದರೆ ಗಟ್ಟಿ ಭಾಗ ಟ್ಯಾಂಕರ್‌ನಲ್ಲೇ ಉಳಿದು ನಿಮಗೆ ತೂಕ ಕಡಿಮೆ ಬೀಳುತ್ತದೆ.

ಶೇಂಗಾ ಎಣ್ಣೆಯನ್ನ ಫ್ರಿಜ್‌ನಾಗೆ ಇಟ್ಟು ಗಟ್ಟಿಯಾದ್ರೆ ಪಾಮಾಯಿಲ್ ಕಲಬೆರಕೆ ಅಂತಾರಲ್ಲ?

ಇದನ್ನು ನಂಬಿ ಒಳ್ಳೆ ಗಾಣದವರ ಹೆಸರು ಕೆಡಿಸಬೇಡಿ. ಅಪ್ಪಟ ಶೇಂಗಾ ಎಣ್ಣೆಯೂ ಫ್ರಿಜ್‌ನಲ್ಲಿ ಮಬ್ಬಾಗಿ ಗಟ್ಟಿಯಾಗುತ್ತದೆ. ಸಂಶಯವಿದ್ದರೆ ಲ್ಯಾಬಿಗೆ ಕೊಡಿ. ಅಯೋಡಿನ್ ಮೌಲ್ಯ 85ರಿಂದ 99, ಬೆಲ್ಲಿಯರ್ ಪರೀಕ್ಷೆಯ ಉಷ್ಣತೆ 39ರಿಂದ 41 ಡಿಗ್ರಿ ಒಳಗಿರಬೇಕು. ಅಗ್ಗದ ಎಣ್ಣೆ ಬೆರೆಸಿದರೆ ಇವು ಸಾಮಾನ್ಯವಾಗಿ ಜಾರುತ್ತವೆ.

ಎರಡು ಎಣ್ಣೆ ಬೆರೆಸಿ ಮಾರುವುದೇ ಅಪರಾಧವೂ ಅಲ್ಲ. 'ಮಿಶ್ರಿತ ಖಾದ್ಯ ತೈಲ' ಎಂದು ಬರೆದು, ಪ್ರತಿ ಎಣ್ಣೆ ಕನಿಷ್ಠ ಶೇ 20 ಇದ್ದು, ಆಗ್‌ಮಾರ್ಕ್ ಪಡೆದು, ಸೀಲ್ ಮಾಡಿ ಮಾರಬಹುದು. ತಪ್ಪು ಇರುವುದು ಬೆರೆಸಿ 'ಶುದ್ಧ ಶೇಂಗಾ ಎಣ್ಣೆ' ಎನ್ನುವುದರಲ್ಲಿ. ಆಮದು ಎಣ್ಣೆಗೂ ಶೇಂಗಾ ಎಣ್ಣೆಗೂ ಬೆಲೆಯ ಅಂತರ ಹಿಗ್ಗಿದ ತಿಂಗಳುಗಳಲ್ಲಿ ಕಲಬೆರಕೆಯ ಆಸೆಯೂ ಹಿಗ್ಗುತ್ತದೆ. ಖರೀದಿಸುವವರು ಆಗ ಹೆಚ್ಚು ಜಾಗರೂಕರಾಗಿರಬೇಕು.

ಪ್ಯಾಕಿಂಗ್ ಸಾಮಾನಿನ ಮೇಲೆ ಕಟ್ಟಿದ ಜಿಎಸ್‌ಟಿ ವಾಪಸ್ ಬರುತ್ತಾ?

ಎಣ್ಣೆಗೆ ಜಿಎಸ್‌ಟಿ ಶೇ 5. ಟಿನ್, ಪಾಕೆಟ್ ಹಾಳೆ, ಬಾಕ್ಸ್, ಯಂತ್ರದ ಬಿಡಿಭಾಗಗಳ ತೆರಿಗೆ ಅದಕ್ಕಿಂತ ಹೆಚ್ಚಿದ್ದರೆ, ಹೆಚ್ಚು ಕಟ್ಟಿದ್ದು ಜಿಎಸ್‌ಟಿ ಖಾತೆಯ ಕ್ರೆಡಿಟ್ ಲೆಡ್ಜರ್‌ನಲ್ಲಿ ಉಳಿಯುತ್ತಾ ಹೋಗುತ್ತದೆ. 2022ರ ಜುಲೈ 18ರಿಂದ ಖಾದ್ಯ ತೈಲಕ್ಕೆ ಹೀಗೆ ಉಳಿದ ಕ್ರೆಡಿಟ್ಟನ್ನು ನಗದಾಗಿ ಮರಳಿ ಪಡೆಯುವ ಅವಕಾಶ ಇಲ್ಲ. ಮುಂದಿನ ತೆರಿಗೆಗೆ ಹೊಂದಿಸಿಕೊಳ್ಳಬಹುದು ಅಷ್ಟೇ. ಲೀಟರ್ ದರ ನಿಗದಿ ಮಾಡುವಾಗ ಈ ಸಿಕ್ಕಿಕೊಂಡ ಹಣವನ್ನೂ ಖರ್ಚಿನಲ್ಲಿ ಹಿಡಿಯಿರಿ.

ನೇಪಾಳದಲ್ಲಿ ಸೂರ್ಯಕಾಂತಿ ಬೆಳೆಯೋದೇ ಇಲ್ಲ, ಅಲ್ಲಿಂದ ಎಣ್ಣೆ ಹೇಗೆ ಬರುತ್ತೆ?

ದಕ್ಷಿಣ ಏಷ್ಯಾ ಮುಕ್ತ ವ್ಯಾಪಾರ ಒಪ್ಪಂದದ ಪ್ರಕಾರ ನೇಪಾಳದ ಸರಕಿಗೆ ಇಲ್ಲಿ ಸುಂಕವಿಲ್ಲ. ಅಲ್ಲಿನ ರಿಫೈನರಿಗಳು ಹೊರದೇಶದ ಕ್ರೂಡ್ ತರಿಸಿ, ರಿಫೈನ್ ಮಾಡಿ ಭಾರತಕ್ಕೆ ಕಳಿಸುತ್ತವೆ. ನಮ್ಮ ಸುಂಕ ಏರಿದಷ್ಟೂ ಅವರ ಲಾಭ ಏರುತ್ತದೆ, ಅದಕ್ಕೇ 2024ರ ಸೆಪ್ಟೆಂಬರ್ ನಂತರ ಆ ದಾರಿಯ ಎಣ್ಣೆ ಜಾಸ್ತಿಯಾಯಿತು. ಅದು ನೇರವಾಗಿ ಇಳಿಯುವುದು ಉತ್ತರ ಭಾರತದ ಮಾರುಕಟ್ಟೆಗೆ. ಅಲ್ಲಿ ಮಾರಾಟವಾಗದ ಬಂದರಿನ ಮಾಲು ದಕ್ಷಿಣಕ್ಕೆ ತಿರುಗಿದಾಗ ಇಲ್ಲಿನ ಹೋಲ್‌ಸೇಲ್ ದರವೂ ಜಗ್ಗುತ್ತದೆ.